ಅಂಗಳದ ದನಿ

ವಿಶಾಲಮ್ಮ ಕ್ಯಾಸೆಟ್ಟನ್ನು ಪವಿತ್ರಳ ಕೈಗೆ ಕೊಡಲಿಲ್ಲ. ಮೇಜಿನ ಮೇಲಿಟ್ಟು ಸರಿಸಿದರು. ನಂಜನಗೂಡಿನ ಈ ಮಹಡಿ ಕೋಣೆಯಲ್ಲಿ ಹಳೆಯ ಟೇಪುಗಳ ಬೂಸಲು ಒರೆಸಿ ಕಂಪ್ಯೂಟರಿಗೆ ಇಳಿಸಿಕೊಡುತ್ತಾರೆಂದು ಕೇಳಿ ಕವಲಂದೆಯಿಂದ ಬಂದಿದ್ದರು. ಇಳಿಸಿಕೊಡುವವಳು ಯಾರ ಮೊಮ್ಮಗಳೆಂಬುದು ಬಾಗಿಲಲ್ಲಿ ಮುಖ ಕಂಡಾಗಲೇ ಅವರಿಗೆ ತಿಳಿದುಹೋಗಿತ್ತು.

"ನನ್ ಮದ್ವೇಲಿ ನಮ್ಮವ್ವ ಸೋಬಾನೆ ಆಡಿರೋದು. ಆಚೆಯಿಂದ ಒಂದು ಗದ್ಲ ಬತ್ತದೆ, ಅದ್ನ ತೆಗಿ. ನೀನೊಂದು ಕಾಪಿ ಇಟ್ಕೊಬೇಡ. ನನ್ನೆದುರ್ಗೇ ಎಲ್ಲಾ ಅಳಿಸ್ಬೇಕು."

ಬಿರುಕು ಬಿಟ್ಟ ಡಬ್ಬಿಯಿಂದ ಟೇಪು ಬಿಡಿಸಿ ಹೊಸದಕ್ಕೆ ಸುತ್ತಿ ಪವಿತ್ರ ಗುಂಡಿ ಒತ್ತಿದಳು. ಗದ್ದಲವೆಂದದ್ದು ಒಂದು ಹೆಂಗಸಿನ ದನಿ. ಮೊದಲ ಸಾಲಿಗೇ ಅವಳು ಗುರುತು ಹಿಡಿದಳು. ಹನ್ನೊಂದು ವರ್ಷದ ಹಿಂದೆ ಸತ್ತ ಅಜ್ಜಿ ಮರಿತಾಯಮ್ಮ. ಆ ದನಿ ಬೇರೆಲ್ಲೂ ಉಳಿದಿರಲಿಲ್ಲ. ಸೋಬಾನೆ ಪದಗಳೆಲ್ಲ ಬಾಯಿಗೆ ಬರುತ್ತಿದ್ದುದು ಅವಳೊಬ್ಬಳಿಗೇ ಎಂದು ದೊಡ್ಡವರ ಮನೆಗಳಿಂದ ಕರೆ ಬರುತ್ತಿತ್ತು. ಕೂರಿಸುತ್ತಿದ್ದುದು ಮಾತ್ರ ಅಂಗಳದಲ್ಲಿ. ಅವಳು ಅಲ್ಲಿಂದ ಸಾಲು ಎತ್ತಿಕೊಟ್ಟರೆ ಪಡಸಾಲೆಯ ಹೆಂಗಸರು ಅದನ್ನೇ ತಿರುಗಿ ಹಾಡುತ್ತಿದ್ದರು. ಟೇಪ್‌ರೆಕಾರ್ಡರು ಇರುತ್ತಿದ್ದುದು ಅವರ ಮುಂದೆ.

"ಇದು ನಮ್ಮಜ್ಜಿ" ಎಂದಳು.

"ಗೊತ್ತು ಕಣಮ್ಮ. ಅದ್ಕೇ ಕದಲ್ದೆ ಕೂತಿರೋದು. ಕೆಲ್ಸ ಮಾಡು."

ಒಲ್ಲೆನೆಂದರೆ ಕ್ಯಾಸೆಟ್ಟಿನ ಜೊತೆ ಅಜ್ಜಿಯೂ ಮೆಟ್ಟಿಲಿಳಿದು ಹೋಗುತ್ತಾಳೆ. ಪವಿತ್ರ ಹಲ್ಲು ಕಚ್ಚಿಕೊಂಡು ಕೆಲಸಕ್ಕೆ ಕೂತಳು. ಮೊದಲು ಪೂರ್ತಿ ಒಂದು ಪ್ರತಿ ಇಳಿಸಿಕೊಂಡು, ಇನ್ನೊಂದರಲ್ಲಿ ಅಜ್ಜಿಯ ಸಾಲುಗಳನ್ನು ಒಂದೊಂದಾಗಿ ಕತ್ತರಿಸಿದಳು. ಖಾಲಿ ಬಿದ್ದ ಜಾಗಗಳನ್ನು ಮುಚ್ಚಲಿಲ್ಲ. ಆಮೇಲೆ ಸ್ಪೀಕರಿಗೆ ಹಾಕಿದಳು.

ಮೌನ. ಅವ್ವನ ಒಂದು ಸಾಲು. ಮತ್ತೆ ಅಷ್ಟೇ ಉದ್ದದ ಮೌನ. ವಿಶಾಲಮ್ಮನ ಮುಖ ಅರಳಿತು, ಹಾಗೆಯೇ ಸಣ್ಣಗಾಗುತ್ತ ಬಂತು. ಮೂರನೆಯ ಮೌನದ ಕೊನೆಗೆ ಅವ್ವ ಹಾಡಲಿಲ್ಲ, ಗದರಿದರು: "ಮರೀತಾಯಿ, ಜೋರಾಗ್ ಯೋಳೇ. ಒಳೀಕೆ ಕೇಳ್ತಿಲ್ಲ."

"ಅದ್ನೂ ತೆಗಿ" ಎಂದರು ವಿಶಾಲಮ್ಮ.

"ಅದು ನಿಮ್ಮವ್ವನ ಮಾತು."

"ತೆಗಿ ಅಂದ್ನಲ್ಲ."

ಪವಿತ್ರ ಮೌಸಿನಿಂದ ಕೈ ತೆಗೆದಳು. "ನಮ್ಮಜ್ಜೀನ ತೆಗಿ ಅಂದ್ರಿ, ತೆಗ್ದೆ. ನಿಮ್ಮವ್ವನ ಬಾಯ್ನೂ ನಾನೇ ಮುಚ್ಬೇಕಾ? ಆಗಲ್ಲ. ಮೊದಲನೇ ಕಾಪೀನೂ ಅಳಿಸಲ್ಲ."

"ಎರಡಕ್ಷರ ಕಲ್ತ್ಮೇಲೆ ನಿಮ್ಮೋರ್ ಬಾಯಿ ಇಡಿಯೋರೇ ಇಲ್ಲ" ಎಂದು ವಿಶಾಲಮ್ಮ ಕ್ಯಾಸೆಟ್ಟನ್ನು ಸೆರಗಿಗೆ ಕಟ್ಟಿಕೊಂಡು ಎದ್ದರು. ಹಾಡು ತುಂಬಿಸಿಕೊಡಲು ಪವಿತ್ರ ಎತ್ತಿಟ್ಟಿದ್ದ ಪೆನ್‌ಡ್ರೈವ್ ಮುಟ್ಟಲಿಲ್ಲ.

ಅವರಿನ್ನೂ ಮೆಟ್ಟಿಲ ಮೇಲಿದ್ದಂತೆಯೇ ಪವಿತ್ರ ಕತ್ತರಿಸದ ಮೊದಲ ಪ್ರತಿಯನ್ನು ಹಾಕಿ ದನಿಯನ್ನು ಕೊನೆಯವರೆಗೂ ಏರಿಸಿದಳು. ಕೆಳಗಿಳಿಯುತ್ತಿದ್ದ ಚಪ್ಪಲಿಯ ಸದ್ದು ನಡುವೆ ಒಮ್ಮೆ ನಿಂತಿತು. ಆಮೇಲೆ ಬೇಗ ಬೇಗ ಇಳಿದುಹೋಯಿತು.