ಪಿಟ್‌ಕಾರಿಯ ಅಡಿಗಲ್ಲುಗಳು

ಪಿಟ್‌ಕಾರಿ ಪೇಟೆಗಳ ಕ್ಷೇತ್ರದ ಚುನಾವಣಾ ಇತಿಹಾಸ ಯಾವ ಕಪಾಟಿನಲ್ಲೂ ಇರಲಿಲ್ಲ, ಸಮುದ್ರದ ದಂಡೆಯಲ್ಲಿ ಬಿದ್ದಿತ್ತು. ಓದಬೇಕೆನ್ನುವವರು ಒಂದು ಬಕೆಟ್ ನೀರು, ಒಂದು ಪೊರಕೆ ಹಿಡಿದು ಹೋಗಬೇಕಿತ್ತು. ಅಲ್ಲಿನ ಚಪ್ಪಡಿಗಳ ಮೇಲೆ ಅಂಟಿದ ಮೀನಿನ ಕರುಳು ತೊಳೆದರೆ ಕೆಳಗೆ ಲ್ಯಾಟಿನ್ ಅಕ್ಷರ ಕಾಣುತ್ತಿತ್ತು: ಇಂಥ ಮಹನೀಯರು ಇಂಥ ವರ್ಷ ಈ ಕಟ್ಟೆಗೆ ಅಡಿಗಲ್ಲು ಇಟ್ಟರು. ಚುನಾವಣೆಗೊಂದು ಕಲ್ಲು. ಆ ಕಲ್ಲಿನ ಮೇಲೆ ಇನ್ನೊಂದು ಕಲ್ಲು ಇಡುವ ಪುಣ್ಯಾತ್ಮ ಮಾತ್ರ ಇನ್ನೂ ಹುಟ್ಟಿರಲಿಲ್ಲ. ಹೆಂಗಸರು ಈ ಮಹನೀಯರ ಮೇಲೆ ಮೀನು ಸೀಳುತ್ತಿದ್ದರು, ಬಿಸಿಲಿದ್ದರೆ ಬಲೆ ಒಣಹಾಕುತ್ತಿದ್ದರು.

ಸ್ಕಾಟ್ಲೆಂಡಿನ ಆ ಮೂಡಣ ಕರಾವಳಿಯಲ್ಲಿ ನಾಲ್ಕು ಪೇಟೆಗಳು ಸೇರಿ ಒಬ್ಬನನ್ನು ಲಂಡನ್ನಿಗೆ ಕಳಿಸುತ್ತಿದ್ದವು. ಜನ ಮತ ಹಾಕುತ್ತಿರಲಿಲ್ಲ, ಜನಕ್ಕೆ ಬೇರೆ ಕೆಲಸವಿತ್ತು. ಪೇಟೆಗೊಂದು ಪುರಸಭೆ, ಪುರಸಭೆಗೆ ಒಂದು ಮತ. ಪುರಸಭೆಯವರನ್ನು ಆರಿಸುತ್ತಿದ್ದವರು ಪುರಸಭೆಯವರೇ. ಹೊರಗಿನವರಿಗೆ ಯಾಕೆ ಸುಮ್ಮನೆ ತೊಂದರೆ? ಎರಡು ಪೇಟೆ ಒಬ್ಬನ ಕಡೆ, ಎರಡು ಇನ್ನೊಬ್ಬನ ಕಡೆ ನಿಂತು ಸಮವಾದರೆ, ಆ ಸಲದ ಸರದಿ ಯಾವ ಪೇಟೆಯದೋ ಅದು ಹೇಳಿದವನೇ ಗೆದ್ದಂತೆ. ಸರದಿ ಬಂದ ವರ್ಷ ಆ ಪೇಟೆಯ ಬಿಗುಮಾನ ನೋಡಬೇಕು, ಬೀಗರ ಮನೆಗೆ ಬಂದ ವರನ ತಾಯಿ ಕೂಡ ಅಷ್ಟು ಸೆಟೆದುಕೊಳ್ಳುವುದಿಲ್ಲ.

ಆ ಚಳಿಗಾಲದಲ್ಲಿ ಮುದಿ ರಾಜ ತೀರಿಕೊಂಡ. ರಾಜ ಸತ್ತರೆ ಹೊಸ ಪಾರ್ಲಿಮೆಂಟು, ಅದಕ್ಕೆ ಹೊಸ ಚುನಾವಣೆ. ಸರದಿ ಪಿಟ್‌ಕಾರಿಯದು. ಊರಿನವರು ರಾಜನಿಗಾಗಿ ಎರಡು ಹನಿ ಕಣ್ಣೀರು ಹಾಕಿ, ಮೂಗು ಒರೆಸಿಕೊಂಡು, ಅಭ್ಯರ್ಥಿಗಳ ದಾರಿ ನೋಡುತ್ತಾ ಕುಳಿತರು.

ಬಂದವರು ಇಬ್ಬರು. ಒಬ್ಬ ಸರ್ ಹೆಕ್ಟರ್, ತಾತನ ಕಾಲದಿಂದ ಈ ಕ್ಷೇತ್ರವನ್ನು ತಮ್ಮ ಮನೆಯ ಹಿತ್ತಲೆಂದೇ ತಿಳಿದವನು. ಇನ್ನೊಬ್ಬ ಕರ್ನಲ್ ಫೋರ್ಸೈತ್, ಹಿಂದೂಸ್ತಾನದಲ್ಲಿದ್ದು ಬಂದವನು. ಶ್ರೀರಂಗಪಟ್ಟಣ ಬಿದ್ದ ದಿನ ಅವನು ಅಲ್ಲಿದ್ದನಂತೆ. ಅಲ್ಲಿ ಅವನಿಗೆ ಏನು ಸಿಕ್ಕಿತೆಂದು ಯಾರೂ ಕೇಳಲಿಲ್ಲ. ಅವನ ಹೊಸ ಮನೆ ನೋಡಿದವರು ಕೇಳಬೇಕಾಗಿಯೂ ಇರಲಿಲ್ಲ. ಇಬ್ಬರ ನಡುವೆ ತತ್ವದ ಭೇದವೂ ಇತ್ತು. ಸರ್ ಹೆಕ್ಟರ್ ದ್ರಾಕ್ಷಾರಸ ಕುಡಿಸುತ್ತಿದ್ದ, ಕರ್ನಲ್ ಬ್ರಾಂದಿ ಕುಡಿಸುತ್ತಿದ್ದ. ಎರಡು ಪೇಟೆ ಸರ್ ಹೆಕ್ಟರನ ಜೇಬಿನಲ್ಲಿದ್ದವು, ಒಂದು ಕರ್ನಲ್ಲನ ಕಡೆಗಿತ್ತು. ಹಾಗಾಗಿ ಪಿಟ್‌ಕಾರಿ ಯಾರ ಕಡೆಗೋ ಅವನೇ ಸದಸ್ಯ. ಪಿಟ್‌ಕಾರಿಯ ಪುರಸಭೆಯಲ್ಲೂ ಅರ್ಧ ಜನ ಇವನಿಗೆ, ಅರ್ಧ ಜನ ಅವನಿಗೆ. ನಡುವೆ ಉಳಿದವನು ಹಾಯಿ ಹೊಲಿಯುವ ನಿನಿಯನ್ ತಾರ್ವಿಟ್ ಒಬ್ಬನೇ.

ನಿನಿಯನ್‌ಗೆ ರಾಜಕೀಯ ಬೇಕಿರಲಿಲ್ಲ. ಅವನ ಹಿರಿಮಗ ಕಾಲಿನ್ ಬಂದರಿನ ಬಾಯಲ್ಲಿ ಸತ್ತಿದ್ದ. ನಡುಗಡಲಿನ ಬಿರುಗಾಳಿ ದಾಟಿ ಬಂದ ದೋಣಿಯನ್ನು, ದಂಡೆಯಿಂದ ಕೂಗಿದರೆ ಕೇಳಿಸುವಷ್ಟು ಹತ್ತಿರದಲ್ಲಿ, ಅಡ್ಡ ಅಲೆ ಎತ್ತಿ ಆ ಬಾಯಿಯ ಪಕ್ಕದಲ್ಲೇ ಇರುವ ಕರಿಬಂಡೆಗೆ ಬಡಿದಿತ್ತು. ಹುಡುಗನ ತಾಯಿ ಎಫಿ ಊಟದ ಬುಟ್ಟಿ ಹಿಡಿದು ನೋಡುತ್ತಲೇ ನಿಂತಿದ್ದಳು. ಅಲೆ ತಡೆಯಲು ದಂಡೆಯಿಂದ ಕರಿಬಂಡೆಯವರೆಗೆ ಒಂದು ಕಲ್ಲುಕಟ್ಟೆ ಇದ್ದಿದ್ದರೆ ಹುಡುಗ ಅಂದು ಮನೆಯಲ್ಲಿ ಉಣ್ಣುತ್ತಿದ್ದ. ಈಗ ಉಳಿದವನು ಕಿರಿಮಗ ವಾಟಿ. ಅವನೂ ಅದೇ ಬಾಯಿಂದ ದಿನಾ ಮೀನಿಗೆ ಹೋಗುತ್ತಿದ್ದ. ಅವನು ಮರಳಿ ಬರುವವರೆಗೆ ನಿನಿಯನ್‌ನ ಸೂಜಿ ಹಾಯಿಯಲ್ಲಿ ನೆಟ್ಟಗೆ ಓಡುತ್ತಿರಲಿಲ್ಲ.

ಪ್ರೊವೋಸ್ಟ್ ಗೌರ್ಲಿ, ಅಂದರೆ ಪುರಸಭೆಯ ಯಜಮಾನ, ಸರ್ ಹೆಕ್ಟರನ ಕಡೆಯವನು. ಅವನು ನಿನಿಯನ್‌ನನ್ನು ಮನೆಗೆ ಕರೆದು ಕುರಿತಲೆ ಸಾರು ಬಡಿಸಿದ. ಪಕ್ಕದಲ್ಲಿ ಸರ್ ಹೆಕ್ಟರನ ಏಜೆಂಟ್ ಸ್ಕೂಗಲ್ ವಕೀಲ ಕುಳಿತಿದ್ದ. ಜೇನಿನಂಥ ನಾಲಗೆಯ ಮನುಷ್ಯ.

"ಕಟ್ಟೆ ತಾನೇ ತಾರ್ವಿಟ್? ದೊರೆಗಳು ನಾಳೇನೇ ಬಂದು ಅಡಿಗಲ್ಲು ಇಡ್ತಾರೆ," ಅಂದ ಸ್ಕೂಗಲ್.

"ಅಡಿಗಲ್ಲು ಬೇಡ ಸ್ವಾಮಿ, ಊರ ತುಂಬ ಅದೇ ಇದೆ. ಅದರ ಮೇಲಿಂದು ಕೊಡಿ."

"ಮೇಲಿಂದು ಗೆದ್ದಮೇಲೆ ಕಣಯ್ಯ."

"ಹಂಗಾದ್ರೆ ನನ್ನ ಮತಾನೂ ನೀವು ಗೆದ್ದಮೇಲೇ ಹಾಕ್ತೀನಿ ಬಿಡಿ. ಸಾರು ಚೆನ್ನಾಗಿದೆ ಪ್ರೊವೋಸ್ಟರೇ, ಇನ್ನೊಂದು ಸೌಟು ಹಾಕಿ."

ಈ ಮಾತು ಸಂಜೆಯೊಳಗೆ ಕರ್ನಲ್ಲನ ಕಿವಿಗೆ ಬಿತ್ತು. ಬೆಳಗಾಗುತ್ತಲೇ ಅವನ ಗಾಡಿಗಳು ಕಲ್ಲುಗಣಿಯಿಂದ ದಂಡೆಗೆ ಹೊರಟವು. ಮಧ್ಯಾಹ್ನಕ್ಕೆ ಸರ್ ಹೆಕ್ಟರನ ಗಾಡಿಗಳೂ ಬಂದವು. ನೂರು ವರ್ಷದಿಂದ ಮೇಲೇಳದ ಕಟ್ಟೆ ಕಣ್ಣೆದುರಿಗೇ ಏಳತೊಡಗಿತು. ತೊಡಕಾದದ್ದು ಒಂದೇ: ಸರ್ ಹೆಕ್ಟರನ ಮೇಸ್ತ್ರಿಗಳು ಕರ್ನಲ್ಲನ ಕಲ್ಲಿನ ಮೇಲೆ ತಮ್ಮ ಕಲ್ಲು ಇಡಲು ಒಪ್ಪಲಿಲ್ಲ, ಅವರು ಇವರ ಕಲ್ಲನ್ನು ಮುಟ್ಟಲಿಲ್ಲ. ಕಲ್ಲಿಗೂ ಪಕ್ಷ ಅಂಟಿಕೊಂಡಿತ್ತು. ಕೊನೆಗೆ ಎಡಗೋಡೆ ಸರ್ ಹೆಕ್ಟರನದು, ಬಲಗೋಡೆ ಕರ್ನಲ್ಲನದು, ನಡುವೆ ಯಾರ ಪಕ್ಷಕ್ಕೂ ಸೇರದ ಜಲ್ಲಿ ಎಂದು ತೀರ್ಮಾನವಾಯಿತು. ಎರಡು ಗೋಡೆಗಳು ಜಗಳವಾಡಿದ ವಾರಗಿತ್ತಿಯರಂತೆ ಒಂದರ ಮುಖ ಒಂದು ನೋಡದೆ ಸಮುದ್ರದೊಳಗೆ ನಡೆದವು.

ನಿನಿಯನ್ ಎರಡೂ ಮನೆಯ ಊಟ ಉಂಡ. ಯಾರಿಗೂ ಹೂಂ ಅನ್ನಲಿಲ್ಲ, ಉಹೂಂ ಅನ್ನಲಿಲ್ಲ.

"ಇನ್ನೂ ತೀರ್ಮಾನ ಮಾಡಿಲ್ಲವೇನಯ್ಯ?" ಎಂದು ಕರ್ನಲ್ ಕೇಳಿದ.

"ಯೋಚನೆ ಮಾಡ್ತಾ ಇದೀನಿ ಧಣಿ. ಕರಿಬಂಡೆ ಮುಟ್ಟೋವಷ್ಟು ಉದ್ದ ಯೋಚನೆ."

ಮನೆಯಲ್ಲಿ ಎಫಿ ಓಟ್ಸ್ ಗಂಜಿ ತಿರುವುತ್ತಾ ಅಂದಳು: "ಇಲ್ಲಿ ನಿಮ್ಮ ಮಾತಿಗೆ ಬೆಕ್ಕು ಕೂಡ ಮಗ್ಗುಲು ಬದಲಿಸಲ್ಲ. ಅಲ್ಲಿ ಇಬ್ಬರು ದೊರೆಗಳು ಕಲ್ಲು ಹೊರ್ತಾರಂತೆ."

"ಹೊರಲಿ ಬಿಡು. ಈ ಬೇಸಿಗೆ ವಾಟಿ ಕಟ್ಟೆ ಒಳಗಿಂದ ದೋಣಿ ತರ್ತಾನೆ, ನೋಡ್ತಿರು."

"ತಂದ್ರೆ ಸಾಕು," ಅಂದಳು ಎಫಿ. ತಮಾಷೆಯ ಮುಖ ಒಮ್ಮೆಲೇ ಇಳಿದುಹೋಯಿತು. "ಯಾರು ಗೆದ್ರೂ ನನಗೇನು. ಅವನು ಬಂದ್ರೆ ಸಾಕು."

ಆ ಕಡೆಯ ಪೇಟೆಗಳಲ್ಲಿ ಮತದ ದಿನ ಹತ್ತಿರವಾದಂತೆ ಪುರಸಭೆಯವರು ಮಾಯವಾಗುವುದು ವಾಡಿಕೆ. ಎದುರಾಳಿ ಕಡೆಯವರು ಹೊತ್ತೊಯ್ದು ಯಾವುದೋ ಹೋಟೆಲಿನಲ್ಲಿ ಕೂಡಿಹಾಕಿ ತಿನ್ನಿಸಿ ಕುಡಿಸುತ್ತಿದ್ದರು; ಎಣಿಕೆ ಮುಗಿದ ಮೇಲೆ ಅವರು ದಪ್ಪಗಾಗಿ ಮನೆಗೆ ಬರುತ್ತಿದ್ದರು. ನಿನಿಯನ್ ಇದನ್ನು ಬಲ್ಲವನು. ಬಾಗಿಲಿಗೆ ಎರಡು ಅಗುಳಿ ಹಾಕಿಸಿದ. ಅಪರಿಚಿತರೊಂದಿಗೆ ಬೀದಿ ದಾಟಲಿಲ್ಲ. ಕರ್ನಲ್ ಕೊಟ್ಟ ಇಬ್ಬರು ದೊಣ್ಣೆಯವರು ಹೋದಲ್ಲೆಲ್ಲ ಹಿಂದೆ ಬರುತ್ತಿದ್ದರು, ಪಾಯಿಖಾನೆಗೆ ಹೋದರೂ ಹೊರಗೆ ನಿಂತಿರುತ್ತಿದ್ದರು.

ಸ್ಕೂಗಲ್ ಅಷ್ಟರಲ್ಲಿ ತನ್ನ ಲೆಕ್ಕ ಹಾಕಿದ್ದ. ನಿನಿಯನ್ ಬಂದು ಯಾರಿಗೆ ಮತ ಹಾಕುತ್ತಾನೋ ದೇವರೇ ಬಲ್ಲ. ಅವನು ಬಾರದೇ ಹೋದರೆ ಸಭೆ ಸಮಸಮ, ಸಮವಾದರೆ ಪ್ರೊವೋಸ್ಟ್ ಗೌರ್ಲಿಯ ಮಾತೇ ಕೊನೆ. ಇಷ್ಟು ದಿನ ಕಲ್ಲು ಹೊರಿಸಿದ್ದಕ್ಕಿಂತ ಒಂದು ದೋಣಿ ಅಗ್ಗ.

ಮತದ ಹಿಂದಿನ ದಿನ ಬೆಳಿಗ್ಗೆ ವಾಟಿ ಅಪ್ಪನ ಹಾಯಿ ಅಂಗಡಿಗೆ ಬಂದ. "ಅಪ್ಪಾ, ಕಟ್ಟೆ ತುದಿ ಯಾವ ಕಡೆಗೆ ತಿರುಗಬೇಕು ಅಂತ ಮೇಸ್ತ್ರಿ ಕೇಳ್ತಿದಾನೆ. ಬಾ, ಸೀಸದ ಗುಂಡು ಬಿಟ್ಟು ಆಳ ನೋಡ್ಕೊಂಡು ಬರೋಣ."

ನಿನಿಯನ್‌ಗೆ ಹಿಗ್ಗೋ ಹಿಗ್ಗು. ದೊಣ್ಣೆಯವರು ದೋಣಿಯ ಅಲುಗಾಟ ನೋಡಿಯೇ ಮುಖ ಹಸಿರಾಗಿ ದಂಡೆಯಲ್ಲಿ ಉಳಿದರು. ಮಗನ ಜೊತೆ ಹೋಗುವವನಿಗೆ ಕಾವಲು ಯಾಕೆ ಅಂದುಕೊಂಡರು. ಕಟ್ಟೆ ಕರಿಬಂಡೆಗೆ ಇನ್ನು ಮೂರು ನಾಲ್ಕು ದೋಣಿಯುದ್ದ ಮಾತ್ರ ದೂರವಿತ್ತು. ನಿನಿಯನ್ ಗುಂಡು ಬಿಟ್ಟು ಆಳ ನೋಡಿದ, ಮತ್ತೊಂದು ಕಡೆ ನೋಡಿದ.

"ಸಾಕು ಕಣೋ, ತಿರುಗಿಸು," ಅಂದ.

ವಾಟಿ ತಿರುಗಿಸಲಿಲ್ಲ. ಹಾಯಿ ಬಿಚ್ಚಿದ. ಅಪ್ಪನೇ ಹೊಲಿದ ಹಾಯಿ, ಗಾಳಿಯನ್ನು ಚೆನ್ನಾಗಿಯೇ ಹಿಡಿಯಿತು.

ಅವರು ಹೋಗಿ ಮುಟ್ಟಿದ್ದು ಹಕ್ಕಿಗಳ ಹಿಕ್ಕೆ ಬಿಟ್ಟರೆ ಏನೂ ಬೆಳೆಯದ ಒಂದು ದ್ವೀಪ. ಹಾಳು ಗುಡಿಸಲಿನಲ್ಲಿ ಬೆಂಕಿ ಉರಿಯುತ್ತಿತ್ತು. ಒಂದು ಪಾತ್ರೆ ಸಾರು, ಒಂದು ಪೀಪಾಯಿ ವಿಸ್ಕಿ, ಹೊಸ ಕಂಬಳಿ. ನಿನಿಯನ್‌ಗೆ ಎಲ್ಲ ಅರ್ಥವಾಯಿತು. ಕಲ್ಲಿನ ಮೇಲೆ ಕುಳಿತುಬಿಟ್ಟ.

"ಎಷ್ಟಕ್ಕೆ ಮಾರಿದ್ಯೋ ನನ್ನ?"

"ಕಾಸು ಮುಟ್ಟಿಲ್ಲ ಅಪ್ಪ. ನಾಳೆ ನೀನು ಊರಲ್ಲಿ ಇರದಿದ್ರೆ ಕಟ್ಟೆ ಪೂರ್ತಿ ಮಾಡಿಸ್ತೀನಿ ಅಂತ ಸ್ಕೂಗಲ್ ಸಾಹೇಬರು ಕೈ ಎತ್ತಿ ದೇವರಾಣೆ ಮಾಡಿದಾರೆ."

"ಅದನ್ನ ನಂಬಿದ್ಯಾ?"

"ನೀನು ನಾಳೆ ಮತ ಹಾಕೇ ಹಾಕ್ತಿದ್ದೆ. ಹಾಕಿದ ಮಾರನೇ ದಿನ ಯಾವನು ಕಲ್ಲು ಹೊರ್ತಾನೆ ಹೇಳು? ನಿನ್ನ ಯೋಚನೆಗೆ ನಾಳೆಗೇ ಕೊನೆ. ಮಿಕ್ಕ ಮೂರು ದೋಣಿಯುದ್ದ ಯಾರು ಕಟ್ಟಿಸ್ತಿದ್ರು? ಅದಕ್ಕೆ ನಾನು ಮಾತು ತಗೊಂಡೆ."

ಬೈಯಲೆಂದು ನಿನಿಯನ್ ಬಾಯಿ ತೆರೆದ. ಮತ ಹಾಕಿದ ಮಾರನೆಯ ದಿನದ ಬಗ್ಗೆ ತಾನು ಯೋಚಿಸಿಯೇ ಇರಲಿಲ್ಲ ಎಂಬುದು ಆಗ ಹೊಳೆದು ಬಾಯಿ ಮುಚ್ಚಿದ. ಊರನ್ನೇ ಕುಣಿಸಿದೆನೆಂದು ಮೆರೆದವನಿಗೆ ನಾಚಿಕೆಯಾಯಿತು. ಅಪ್ಪ ಮಗ ಆ ರಾತ್ರಿ ಸ್ಕೂಗಲ್ಲನ ಸಾರನ್ನೇ ಕುಡಿದರು.

ಮರುದಿನ ಮಧ್ಯಾಹ್ನ ಗಾಳಿಯ ಜೊತೆ ಪಿಟ್‌ಕಾರಿಯ ಗಂಟೆ ಕೇಳಿಸಿತು. ಸರ್ ಹೆಕ್ಟರ್ ಗೆದ್ದಿದ್ದ. ಇಬ್ಬರೂ ದೋಣಿ ಹತ್ತಿದರು.

ಬಂದರಿನ ಬಾಯಿ ಹತ್ತಿರವಾದಾಗ ನೀರು ಎಂದಿನಂತಿರಲಿಲ್ಲ. ಮೊದಲು ಅಲೆ ಒಂದು ಕಡೆಯಿಂದ ಬರುತ್ತಿತ್ತು. ಈಗ ಅರ್ಧ ಕಟ್ಟೆಗೆ ಬಡಿದ ಅಲೆ ತಿರುಗಿ ಇನ್ನೊಂದು ಕಡೆಯಿಂದಲೂ ಬರುತ್ತಿತ್ತು. ದೋಣಿ ನಡುವೆ ಸಿಕ್ಕಿ ಬುಗುರಿಯಂತೆ ತಿರುಗಿತು. ಇಬ್ಬರೂ ಹುಟ್ಟಿಗೆ ಎದೆ ಕೊಟ್ಟು ಎಳೆದರು. ಕರಿಬಂಡೆ ಒಂದು ಮೊಳದ ದೂರದಲ್ಲಿ ಸರಿದುಹೋಯಿತು. ದೋಣಿ ಹೇಗೋ ದಂಡೆಗೆ ತಗಲಿತು.

ಕಟ್ಟೆಯ ಮೇಲೆ ಕೆಲಸ ಜೋರಾಗಿ ನಡೆದಿತ್ತು. ವಾಟಿ ಒಂದು ಗಳಿಗೆ ಮುಖ ಅರಳಿಸಿ ನೋಡಿದ. ಆಮೇಲೆ ಗಾಡಿಗಳು ದಂಡೆಯ ಕಡೆಗಲ್ಲ, ಗುಡ್ಡದ ಕಡೆಗೆ ಹೋಗುತ್ತಿರುವುದು ಕಾಣಿಸಿತು. ಸೋತ ಕರ್ನಲ್ ತನ್ನ ಕಲ್ಲುಗಳನ್ನು ವಾಪಸ್ ಒಯ್ಯುತ್ತಿದ್ದ, ಕುದುರೆ ಲಾಯ ಕಟ್ಟಿಸಲು. ಸರ್ ಹೆಕ್ಟರನ ಕೆಲಸದವರು ಆಗಲೇ ಮನೆಗೆ ಹೋಗಿದ್ದರು. ಸ್ಕೂಗಲ್ ಎಡಿನ್‌ಬರೋ ಗಾಡಿ ಹತ್ತಿದ್ದನಂತೆ, ಅವಸರದ ಕೆಲಸವಿತ್ತಂತೆ.

"ಕೈ ಎತ್ತಿ ಆಣೆ ಮಾಡಿದ್ರು ಅಪ್ಪ," ಅಂದ ವಾಟಿ.

"ನಿನ್ನಮ್ಮಂಗೆ ಏನೂ ಹೇಳಬೇಡ," ಅಂದ ನಿನಿಯನ್. "ಯಾರೋ ಮುಖ ಮುಚ್ಚಿಕೊಂಡು ಬಂದಿದ್ರು ಅಂತೀನಿ. ನೀನು ನನ್ನ ಹುಡುಕ್ಕೊಂಡು ಬಂದೆ. ತಿಳೀತಾ? ಅವಳು ಈಗಾಗಲೇ ಒಬ್ಬನ್ನ ಕಳ್ಕೊಂಡಿದಾಳೆ. ನಿನ್ನ ಮೇಲೆ ಕೋಪ ಮಾಡ್ಕೊಳೋದು ಬೇಡ."

ಎಫಿ ಬಾಗಿಲಲ್ಲೇ ನಿಂತಿದ್ದಳು. ನಿನಿಯನ್ ಮುಖ ಮುಚ್ಚಿದವರ ಕಥೆ ಹೇಳಿದ. ಅವರ ದೊಣ್ಣೆ, ಅವರ ಮೀಸೆ, ತಾನು ಕೊಟ್ಟ ಒದೆ, ಎಲ್ಲವನ್ನೂ ಸೇರಿಸಿದ. ಎಫಿ ಅಡ್ಡ ಮಾತಾಡದೆ ಕೇಳಿಸಿಕೊಂಡು, ಬಟ್ಟಲಿಗೆ ಗಂಜಿ ಹಾಕಿ ಅವನ ಮುಂದಿಟ್ಟಳು.

"ದೋಣಿ ಹಿಂದುಗಡೆ ನಿಮ್ಮ ಉಣ್ಣೆ ಕೋಟು ಇಟ್ಟಿದ್ದೆ," ಅಂದಳು. "ದ್ವೀಪದಲ್ಲಿ ಚಳಿ ಇರುತ್ತೆ ಅಂತ. ಹಾಕ್ಕೊಂಡ್ರೋ ಇಲ್ವೋ?"

ನಿನಿಯನ್‌ನ ಚಮಚ ಬಟ್ಟಲಿನಲ್ಲೇ ನಿಂತಿತು. ವಾಟಿ ನೆಲ ನೋಡುತ್ತಿದ್ದ.

"ಆ ವಕೀಲ ಮೊದಲು ಬಂದಿದ್ದು ನನ್ನ ಹತ್ರ," ಅಂದಳು ಎಫಿ. "ಇಲ್ಲೇ, ಈ ಒಲೆ ಮುಂದೆ ನಿಂತು ಮಾತು ಕೊಟ್ಟ. ನಾನೇ ವಾಟಿನ ಒಪ್ಪಿಸಿದೆ. ಇರೋನು ಇವನೊಬ್ಬ. ಕಟ್ಟೆ ಅಂದ್ರು, ಕೊಟ್ಟೆ. ನಿಮ್ಮ ಮತ ಅಲ್ಲ, ನಿಮ್ಮನ್ನೇ ಕೇಳಿದ್ರೂ ಕೊಡ್ತಿದ್ದೆ."

ಯಾರೂ ಯಾರನ್ನೂ ಬೈಯಲಿಲ್ಲ. ಗಂಜಿ ಆರಿಹೋಯಿತು. ಮೂರು ಜನರಿಗೆ ಒಂದೇ ಕಟ್ಟೆಯ ಆಸೆ ತೋರಿಸಿ ಒಂದು ಮತ ಕೊಂಡ ಮನುಷ್ಯ ಅಷ್ಟು ಹೊತ್ತಿಗೆ ಎಡಿನ್‌ಬರೋದಲ್ಲಿ ಊಟ ಮುಗಿಸಿರಬೇಕು.

ಬೆಳಿಗ್ಗೆ ಭರತ ಏರಿದಾಗ ವಾಟಿ ಬಲೆ ಹೆಗಲಿಗೆ ಹಾಕಿಕೊಂಡು ದೋಣಿ ನೂಕಿದ. ಮೀನಿಗೆ ಹೋಗದೆ ವಿಧಿಯಿಲ್ಲ. ಎಫಿ ಹಿಂದಿನಿಂದ ದಂಡೆಗೆ ಹೋದಳು. ಸ್ವಲ್ಪ ಹೊತ್ತಿಗೆ ನಿನಿಯನ್ ಸಹ ಅಂಗಡಿ ಮುಚ್ಚಿ ಬಂದು ಅವಳ ಪಕ್ಕದಲ್ಲಿ ನಿಂತ. ದೋಣಿ ಅರ್ಧ ಕಟ್ಟೆ ಮತ್ತು ಕರಿಬಂಡೆಯ ನಡುವಿನ ನೀರಿಗೆ ಬಂದಾಗ ಅವಳು ಗಂಡನ ತೋಳು ಹಿಡಿದುಕೊಂಡಳು, ಅದು ಆಚೆ ದಾಟಿದ ಮೇಲೂ ಬಿಡಲಿಲ್ಲ.