ಸ್ವಲ್ಪ ಅಂದರೆ ಎಷ್ಟು?

ಹೊಲಿಗೆ ಯಂತ್ರದ ಎಣ್ಣೆ, ಹೊಸ ಬಟ್ಟೆಯ ಗಂಜಿ ಎರಡೂ ಕಲೆತು ಒಂದು ವಾಸನೆ ಬರುತ್ತದೆ. ಅದು ಮೂಗಿಗೆ ಬಡಿದರೆ ಸಾಕು, ಲೆಕ್ಕದ ಮೇಡಂ ತಮ್ಮ ಐವತ್ತಮೂರು ವಯಸ್ಸನ್ನು ಕಳಚಿಟ್ಟು ಒಂಬತ್ತರ ಹುಡುಗಿಯಾಗಿಬಿಡುತ್ತಿದ್ದರು. ಅಮ್ಮ ಯಂತ್ರದ ಮುಂದೆ, ಇವರು ಅಮ್ಮನ ಕಾಲ ಬುಡದಲ್ಲಿ. ತಪ್ಪಿದ ಹೊಲಿಗೆ ಬಿಚ್ಚುವುದು ಇವರ ಪಾಲಿನ ಕೆಲಸ. ಹೊರಗೆ ಓರಗೆಯ ಹುಡುಗಿಯರ ಕೇಕೆ, ಒಳಗೆ ಬಿಚ್ಚಿದಷ್ಟೂ ಮುಗಿಯದ ದಾರ. ಇದಕ್ಕಿಂತ ಲೆಕ್ಕವೇ ವಾಸಿ ಎಂದು ಆಗಲೇ ಅನ್ನಿಸಿತ್ತು. ಲೆಕ್ಕದಲ್ಲಿ ಸರಿ ಅಂದರೆ ಸರಿ, ತಪ್ಪು ಅಂದರೆ ತಪ್ಪು. ಯಾರೂ ಕೂತು ಬಿಚ್ಚಬೇಕಾಗಿಲ್ಲ.

ಹಾಗಾಗಿ ಒಂದೇ ಶಾಲೆಯಲ್ಲಿ ಇಪ್ಪತ್ತೆಂಟು ವರ್ಷ ಪಾಠ ಮಾಡಿದರೂ ಅವರು ಅಲ್ಲಿನ ಹೊಲಿಗೆ ಕೋಣೆಯ ಹೊಸ್ತಿಲು ದಾಟಿದವರಲ್ಲ. ಈಗ ದಾಟಲೇಬೇಕಾಗಿ ಬಂದಿತ್ತು.

ಕಾರಣ ಏಳನೇ ‘ಬಿ’. ಅರ್ಧವಾರ್ಷಿಕ ಪರೀಕ್ಷೆಯಲ್ಲಿ ಮೂವತ್ತಾರು ಮಕ್ಕಳ ಪೈಕಿ ಇಪ್ಪತ್ತೇಳು ಜನ ಭಿನ್ನರಾಶಿಯಲ್ಲಿ ಮುಗ್ಗರಿಸಿದ್ದರು. ಅಂದರೆ ತರಗತಿಯ ಮುಕ್ಕಾಲು ಪಾಲು. ಆ ಭಿನ್ನರಾಶಿಯನ್ನೂ ಮೇಡಂ ಒಬ್ಬರೇ ಕೂತು ಬಿಡಿಸಿಕೊಳ್ಳಬೇಕಾಯಿತು.

ಹೊಸದಾಗಿ ಬಂದಿದ್ದ ಹೆಡ್ ಮೇಡಂ ಇವರಿಗಿಂತ ಐದಾರು ವರ್ಷ ಚಿಕ್ಕವರು. ಕರೆಸಿ, ಕುರ್ಚಿ ಎಳೆದು ಕೂರಿಸಿ, ಮೆತ್ತಗೆ ಮಾತು ತೆಗೆದರು.

“ನಿಮಗೆ ಲೆಕ್ಕ ಬರಲ್ಲ ಅಂತ ಯಾರಾದ್ರೂ ಅಂದಾರಾ ಮೇಡಂ? ಮಕ್ಕಳು ಬಾಯೇ ಬಿಡಲ್ಲ, ಅದೇ ನನ್ನ ಚಿಂತೆ. ಹದಿನೈದು ದಿನ ಒಂದು ಪ್ರಯತ್ನ ಮಾಡೋಣ. ನೀವು, ಹೊಲಿಗೆ ಟೀಚರ್, ಡ್ರಿಲ್ ಮೇಷ್ಟ್ರು, ಮೂರೂ ಜನ ಸೇರಿ ಒಂದೇ ಪಾಠ ಮಾಡಿ.”

“ಸೂಜಿ, ಸೀಟಿ, ಸೀಮೆಸುಣ್ಣ ಮೂರನ್ನೂ ಕೂಡಿಸಿದ್ರೆ ಭಿನ್ನರಾಶಿ ಬಂದುಬಿಡುತ್ತಾ?”

“ಬರಬಹುದು. ಕೊನೇ ದಿನ ನಾನೇ ಬಂದು ಹಿಂದಿನ ಬೆಂಚಲ್ಲಿ ಕೂರ್ತೀನಿ. ಆಗಲೂ ಮಕ್ಕಳು ಬಾಯಿ ಬಿಡದಿದ್ರೆ ಏಳನೇ ‘ಬಿ’ ಲೆಕ್ಕ ಹೊಸ ಟೀಚರ್‌ಗೆ ಕೊಡ್ತೀನಿ. ಬೇಜಾರು ಮಾಡ್ಕೋಬೇಡಿ.”

ಬೇಜಾರಾಗದೆ ಇರುತ್ತದೆಯೇ? ತಾವು ನೆಟ್ಟ ಗಿಡಕ್ಕೆ ಬೇರೆಯವರು ನೀರು ಹಾಕಲಿ ಅಂದ ಹಾಗಾಯಿತು. ಮನೆಗೆ ಬಂದವರೇ ಗಂಡನ ಮುಂದೆ ಎಲ್ಲವನ್ನೂ ಒದರಿದರು. ಗಂಡ ಬಸ್ ಡಿಪೋದಲ್ಲಿ ಬಸ್ಸುಗಳ ಹೊತ್ತು ಬರೆಯುವವರು. ಸಾವಧಾನದ ಮನುಷ್ಯ.

“ಡ್ರೈವರು, ಕಂಡಕ್ಟರು, ಮೆಕ್ಯಾನಿಕ್ಕು ಮೂರೂ ಜನ ಇಲ್ದೆ ನಮ್ಮಲ್ಲಿ ಒಂದು ಬಸ್ಸೂ ಹೊರಡಲ್ಲ ಕಣೇ. ನೀನೊಬ್ಬಳೇ ಮೂರೂ ಆಗೋಕೆ ಹೋಗಿದ್ದೆ.”

“ಹಾಗಾದ್ರೆ ಈಗ ನಾನ್ಯಾರು? ಡ್ರೈವರಾ?”

“ಸದ್ಯಕ್ಕೆ ಕೆಟ್ಟು ನಿಂತ ಬಸ್ಸು.”

ಮಡಚುತ್ತಿದ್ದ ಟವೆಲ್ ಗಂಡನ ಮುಖಕ್ಕೆ ಹಾರಿತು. ಆದರೂ ಮೇಡಂಗೆ ನಗು ಬಂದಿತ್ತು.

ಯಾವ ಪಾಠ ಎಂಬುದನ್ನು ಹುಡುಕಿಕೊಟ್ಟವರು ಡ್ರಿಲ್ ಮೇಷ್ಟ್ರು. ದೊಡ್ಡ ಹೊಟ್ಟೆ, ಕೊರಳಲ್ಲಿ ಸೀಟಿ, ಗುಟ್ಟು ಹೇಳಿದರೂ ಮೈದಾನದ ಆಚೆ ತುದಿಗೆ ಕೇಳಿಸುವ ಗಂಟಲು. “ಮೇಡಂ, ನಿಮ್ಮದು ಕೊನೇ ಪೀರಿಯಡ್ಡು. ಕಿಟಕಿಗಳೆಲ್ಲ ಪಶ್ಚಿಮಕ್ಕಿವೆ. ಒಂದು ದಿನವಾದ್ರೂ ಮಕ್ಕಳ ಜಾಗದಲ್ಲಿ ಕೂತು ನೋಡಿದ್ದೀರಾ?”

ಮೇಡಂ ಆ ಸಂಜೆಯೇ ಎರಡನೇ ಬೆಂಚಿನಲ್ಲಿ ಕೂತರು. ಬಿಸಿಲು ಕೆನ್ನೆಗೆ ಹೊಡೆದ ಹಾಗೆ ಬಿತ್ತು. ಕರಿಹಲಗೆ ಕನ್ನಡಿಯಂತೆ ಹೊಳೆಯುತ್ತಿತ್ತು. ತಾವೇ ಬರೆದಿಟ್ಟಿದ್ದ ಲೆಕ್ಕ ತಮಗೇ ಕಾಣಲಿಲ್ಲ.

“ಮುಖ ಸಿಂಡರಿಸಿಕೊಂಡು ಕೂರ್ತಾರೆ ಅಂತ ಬೈತಿದ್ರಲ್ಲ, ಅದು ಸೊಕ್ಕಲ್ಲ ಮೇಡಂ, ಬಿಸಿಲು” ಅಂದರು ಮೇಷ್ಟ್ರು. ಆ ಒಂದು ಸಲ ಅವರ ಗಂಟಲು ನಿಜವಾಗಿಯೂ ತಗ್ಗಿತ್ತು.

ಕಿಟಕಿಗೆ ಪರದೆ ಹೊಲಿಯುವುದು ಎಂದಾಯಿತು. ಅಳತೆಯೂ ಲೆಕ್ಕವೂ ಮೇಡಂ ಪಾಲಿಗೆ, ಕತ್ತರಿಸುವುದೂ ಹೊಲಿಸುವುದೂ ಹೊಲಿಗೆ ಟೀಚರ್ ಪಾಲಿಗೆ, ಸ್ಟೂಲು ಹತ್ತಿ ಇಳಿಯುವುದು ಮೇಷ್ಟ್ರ ಪಾಲಿಗೆ. ಹೊಲಿಗೆ ಟೀಚರ್ ನಲವತ್ತರ ಆಸುಪಾಸಿನವರು, ಮಾತು ಕಡಿಮೆ. ತಮ್ಮ ಬೀರುವಿನಿಂದ ನೀಲಿ ಬಟ್ಟೆಯ ಒಂದು ತುಂಡನ್ನು ತೆಗೆದುಕೊಟ್ಟರು. ಇದ್ದದ್ದು ಅಷ್ಟೇ. ಉದ್ದ ನಾಲ್ಕೂವರೆ ಮೀಟರ್, ಅಗಲ ನೂರಿಪ್ಪತ್ತು ಸೆಂಟಿಮೀಟರ್.

ಕಿಟಕಿ ಅಳೆಯುವ ದಿನ ತರಗತಿ ಸಂತೆಯಾಯಿತು. ಟೇಪಿನ ಮೇಲ್ತುದಿ ಹಿಡಿದವಳು ‘ಏಣಿ’. ಎತ್ತರದ ಹುಡುಗಿ, ಆ ಎತ್ತರವನ್ನು ಮುಚ್ಚಿಡಲು ಸದಾ ಬೆನ್ನು ಬಗ್ಗಿಸಿ ನಡೆಯುವವಳು. ಲೆಕ್ಕದಲ್ಲಿ ಎರಡು ಅಂಕ ತೆಗೆದವಳು. ಪ್ರಶ್ನೆ ಕೇಳಿದರೆ ಬೆಂಚಿನ ಮರವನ್ನು ಉಗುರಿನಿಂದ ಕೆರೆಯುತ್ತ ನಿಲ್ಲುವವಳು. ಕೆಳತುದಿ ಹಿಡಿದವನು ‘ರೇಡಿಯೋ’. ಅವನನ್ನು ಸುಮ್ಮನಿರಿಸುವ ಗುಂಡಿಯನ್ನು ಯಾರೂ ಇನ್ನೂ ಪತ್ತೆಹಚ್ಚಿರಲಿಲ್ಲ.

“ಎತ್ತರ ನೂರೈವತ್ತು! ಅಗಲ ನೂರಿಪ್ಪತ್ತು! ಮೂರು ಕಿಟಕಿನೂ ಅಷ್ಟೇ! ಹವಾಮಾನ, ಬಿಸಿಲು!”

ಮೇಡಂಗೆ ಹಿಗ್ಗೋ ಹಿಗ್ಗು. ಬಟ್ಟೆಯ ಅಗಲವೂ ಕಿಟಕಿಯ ಅಗಲವೂ ಒಂದೇ. ನಾಲ್ಕೂವರೆ ಮೀಟರನ್ನು ಮೂರು ಭಾಗ ಮಾಡಿದರೆ ತಲಾ ನೂರೈವತ್ತು. ಶೇಷ ಸೊನ್ನೆ. ಇಂಥ ಅಚ್ಚುಕಟ್ಟಾದ ಲೆಕ್ಕ ಪಠ್ಯಪುಸ್ತಕದಲ್ಲೂ ಸಿಗುವುದಿಲ್ಲ.

“ಮೇಡಂ...” ಹೊಲಿಗೆ ಟೀಚರ್ ಅನುಮಾನಿಸಿದರು. “ಪರದೆಗೆ ಸ್ವಲ್ಪ ಜಾಸ್ತಿ ಬಟ್ಟೆ ಬೇಕಾಗುತ್ತೆ.”

“ಸ್ವಲ್ಪ ಅಂದ್ರೆ ಎಷ್ಟು?”

“ಅದು... ಹೀಗೇ, ಸ್ವಲ್ಪ. ಕೈ ಅಂದಾಜು.”

“ಲೆಕ್ಕದಲ್ಲಿ ಸ್ವಲ್ಪ ಅನ್ನೋ ಅಂಕಿ ಇಲ್ಲ ಟೀಚರ್” ಎಂದು ಮೇಡಂ ಮಕ್ಕಳ ಮುಂದೆಯೇ ನಕ್ಕರು. ಹೊಲಿಗೆ ಟೀಚರ್ ತಮ್ಮ ಕೋಣೆಗೆ ಹೋದರು. ಕತ್ತರಿ ತಂದರು, ಮೇಡಂ ಗೆರೆ ಎಳೆದಲ್ಲಿ ಕತ್ತರಿಸಿದರು.

ಆಮೇಲಿನ ದಿನಗಳಲ್ಲಿ ಹೊಲಿಗೆ ಕೋಣೆ ಗಲಗಲ ಎನ್ನುತ್ತಿತ್ತು. ಮೇಡಂ ಮೂಲೆಯಲ್ಲಿ ನೋಟ್‌ಪುಸ್ತಕ ತಿದ್ದುತ್ತ ಕೂರುತ್ತಿದ್ದರು, ಬೇಡಬೇಡವೆಂದರೂ ಕಣ್ಣು ಅತ್ತ ಹೋಗುತ್ತಿತ್ತು. ಮೇಷ್ಟ್ರ ದಪ್ಪ ಬೆರಳಿಗೆ ಸೂಜಿಯ ಕಣ್ಣು ಸಿಗದೆ ಅವರು ಬೆವರುತ್ತಿದ್ದರೆ, ಏಣಿ ಯಾರಿಗೂ ಕಾಣದ ಹಾಗೆ ದಾರ ಪೋಣಿಸಿಕೊಟ್ಟು ಸರಿದು ಹೋಗುತ್ತಿದ್ದಳು. ಈ ಹುಡುಗಿಯ ಬೆರಳು ಇಷ್ಟು ಚುರುಕೆಂದು ಮೇಡಂಗೆ ಗೊತ್ತೇ ಇರಲಿಲ್ಲ. ಪರದೆಯ ಮೇಲಂಚನ್ನು ಸರಳು ತೂರಿಸಲೆಂದೂ ಕೆಳಗಿನ ಅಂಚನ್ನು ಭಾರಕ್ಕೆಂದೂ ಮಡಿಸಿ ಹೊಲಿದರು. ಬಟ್ಟೆಯ ತುಂಬ ಸೀಮೆಸುಣ್ಣದ ಗುರುತಾಗಿತ್ತೆಂದು ಹದಿನಾಲ್ಕನೇ ದಿನ ಮೇಷ್ಟ್ರು ಮಕ್ಕಳನ್ನು ನಲ್ಲಿಯ ಬಳಿಗೆ ಕರೆದೊಯ್ದು ಮೂರೂ ಪರದೆಗಳನ್ನು ಒಗೆಸಿ ಮೈದಾನದಲ್ಲಿ ಒಣಹಾಕಿಸಿದರು.

ಹದಿನೈದನೇ ದಿನ ಮಧ್ಯಾಹ್ನ ಮಕ್ಕಳು ಊಟಕ್ಕೆ ಹೊರಗೋಡಿದಾಗ ಮೂವರೂ ಸೇರಿ ಪರದೆ ಕಟ್ಟಿದರು. ಕಟ್ಟಿ, ಹಿಂದೆ ಸರಿದು ನೋಡಿದರು.

ಪರದೆ ಕಿಟಕಿಗೆ ಸಾಲದೆ ಮೇಲೆ ನೇತಾಡುತ್ತಿತ್ತು. ಕೆಳಗೆ ಒಂದು ಗೇಣು ಖಾಲಿ. ಎರಡೂ ಪಕ್ಕದಲ್ಲಿ ಬಿಸಿಲು ಇಣುಕುತ್ತಿತ್ತು. ಒಂದು ನೆರಿಗೆಯಿಲ್ಲದೆ, ಒಣಹಾಕಿದ ಟವೆಲ್ಲಿನ ಹಾಗೆ ಬಿಗಿದುಕೊಂಡಿತ್ತು. ಮೇಡಂ ಸ್ಟೂಲು ಹತ್ತಿ ಎಳೆದರು, ಜಗ್ಗಿದರು. ಬಟ್ಟೆ ಜಪ್ಪಯ್ಯ ಅನ್ನಲಿಲ್ಲ. ಮಡಿಸಿದ್ದರಲ್ಲಿ ಒಂದಷ್ಟು ಹೋಗಿತ್ತು, ಒಗೆದಾಗ ಒಂದಷ್ಟು ಕುಗ್ಗಿತ್ತು. ಅಮ್ಮ ಯಾವ ಬಟ್ಟೆಯನ್ನೂ ಬಕೆಟ್ಟಿನಲ್ಲಿ ನೆನೆಹಾಕಿ ಒಣಗಿಸದೆ ಕತ್ತರಿ ಮುಟ್ಟುತ್ತಿರಲಿಲ್ಲ ಎಂಬುದು ಈಗ, ಸ್ಟೂಲಿನ ಮೇಲೆ ನಿಂತಾಗ, ನೆನಪಾಯಿತು.

“ಮಕ್ಕಳನ್ನ ಮೈದಾನಕ್ಕೆ ಕರಕೊಂಡು ಹೋಗಿಬಿಡ್ತೀನಿ. ಹೆಡ್ ಮೇಡಂಗೆ ನಾಳೆ ಅಂತ ಹೇಳಿದ್ರಾಯ್ತು” ಅಂದರು ಮೇಷ್ಟ್ರು.

ಹೊಲಿಗೆ ಟೀಚರ್ ಸ್ಟೂಲು ಅಲುಗದಂತೆ ಹಿಡಿದು ನಿಂತಿದ್ದರು. “ಬೇಡ. ನಾನೇ ತಪ್ಪು ಕತ್ತರಿಸಿದೆ ಅಂತೀನಿ. ನನ್ನಿಂದ ಕಿತ್ಕೊಳ್ಳೋಕೆ ಯಾವ ತರಗತಿ ಇದೆ?”

ಮೇಡಂ ಕೆಳಗಿಳಿದರು. ಮಕ್ಕಳೆದುರು ತಾವು ನಕ್ಕಿದ್ದು ನೆನಪಾಗಿ ಕಿವಿ ಬಿಸಿಯಾಯಿತು. “ಗೆರೆ ಎಳೆದವಳು ನಾನು ಟೀಚರ್. ನೀವು ಪಕ್ಕದಲ್ಲಿ ನಿಂತಿದ್ದರೆ ಅಷ್ಟು ಸಾಕು” ಅಂದರು.

ಕೊನೇ ಪೀರಿಯಡ್ಡಿನ ಗಂಟೆ ಹೊಡೆಯಿತು. ಹೆಡ್ ಮೇಡಂ ಹಿಂದಿನ ಬೆಂಚಿನಲ್ಲಿ ಪುಸ್ತಕ ತೆರೆದು ಕೂತರು. ಪರದೆ ನೋಡಿದ ಮಕ್ಕಳು ಮೊದಲು ಬೆಪ್ಪಾದರು, ಆಮೇಲೆ ಕಿಸಕ್ಕೆಂದರು. ಕಿಸಕ್ಕೆಂದದ್ದಕ್ಕೆ ಹೆದರಿ ಬಾಯಿ ಮುಚ್ಚಿಕೊಂಡರು.

“ನಗಿ, ನಗಿ. ತಪ್ಪು ಲೆಕ್ಕ ಮಾಡಿದ್ದು ನಾನು” ಅಂದರು ಮೇಡಂ. “ಟೀಚರ್ ಹೇಳಿದ್ರು, ನಾನು ಕೇಳಲಿಲ್ಲ. ಈಗ ಹೇಳಿ, ಎಲ್ಲಿ ತಪ್ಪಿದೆ?”

ಲೆಕ್ಕದ ಮೇಡಂ ತಪ್ಪುವುದೆಂದರೇನು! ರೇಡಿಯೋ ಕೂಡ ಒಂದು ಕ್ಷಣ ಪ್ರಸಾರ ನಿಲ್ಲಿಸಿದ. ಆಮೇಲೆ ಅವನೇ ಎದ್ದು, “ಮಡಿಸಿದ್ದು ಲೆಕ್ಕಕ್ಕೆ ತಗೊಂಡಿಲ್ಲ ಮೇಡಂ. ಮೇಲೆ ಕೆಳಗೆ ಸೇರಿ ಹತ್ತು ಸೆಂಟಿಮೀಟರ್ ಅಲ್ಲೇ ಹೋಯ್ತು!” ಅಂದ.

“ಸರಿ, ನೂರನಲವತ್ತು. ಈಗ ಅಳೆಯಿರಿ.”

“ನೂರ ಮೂವತ್ತಮೂರು!”

“ಏಳು ಎಲ್ಲಿ ಹೋಯ್ತು?”

“ನಲ್ಲೀಲಿ ಹೋಯ್ತು!” ಯಾರೋ ಕೂಗಿದರು. ಈ ಸಲ ಹೆಡ್ ಮೇಡಂ ಕೂಡ ನಕ್ಕರು.

ನೂರನಲವತ್ತರಲ್ಲಿ ಏಳು ಅಂದರೆ ಇಪ್ಪತ್ತರಲ್ಲಿ ಒಂದು. ಅಗಲವೂ ಹಾಗೇ ಕುಗ್ಗಿದೆಯೇ? ನೂರಿಪ್ಪತ್ತು ಇದ್ದದ್ದು ನೂರಹದಿನಾಲ್ಕು. ಹೌದು, ಅದೂ ಇಪ್ಪತ್ತರಲ್ಲಿ ಒಂದು! ಕೈಗಳು ಒಂದೊಂದೇ ಮೇಲೆದ್ದವು. ಹೊಲಿಗೆ ಟೀಚರನ್ನು ಮೇಡಂ ಹಲಗೆಯ ಬಳಿಗೆ ಕರೆದರು. “ನಿಮ್ಮ ‘ಸ್ವಲ್ಪ’ ಎಷ್ಟು ಅಂತ ಇವತ್ತಾದ್ರೂ ಹೇಳಿಕೊಡಿ.”

ಟೀಚರ್ ಒಂದು ಪರದೆಯನ್ನು ಕೈಯಲ್ಲಿ ಹಿಡಿದು ನೆರಿಗೆ ಮಾಡಿ ತೋರಿಸಿದರು. “ಪರದೆ ಚೆಂದ ಬೀಳಬೇಕಂದ್ರೆ ಕಿಟಕಿಯ ಒಂದೂವರೆ ಪಟ್ಟು ಅಗಲ ಬೇಕು ಮಕ್ಕಳೇ.”

“ಬೇರೆ ಬಟ್ಟೆ ಇಲ್ಲ. ಏನ್ಮಾಡೋದು?” ಮೇಡಂ ಕೇಳಿದರು. ಅದು ಪರೀಕ್ಷೆಯ ಪ್ರಶ್ನೆಯಾಗಿರಲಿಲ್ಲ. ಉತ್ತರ ಅವರಿಗೇ ಗೊತ್ತಿರಲಿಲ್ಲ.

ಗೋಡೆಯ ಪಕ್ಕದಲ್ಲಿ ಯಾರೋ ಬೆಂಚು ಕೆರೆಯುವುದು ಕೇಳಿಸಿತು. ಆ ಸದ್ದು ನಿಂತಿತು. ಏಣಿ ಎದ್ದಳು. ಬೆನ್ನು ಪೂರ್ತಿ ನೆಟ್ಟಗಾಗುವವರೆಗೂ ಎದ್ದಳು.

“ಮೂರು ಪರದೇನ ಎರಡೇ ಕಿಟಕಿಗೆ ಹಂಚಿದ್ರೆ ಒಂದಕ್ಕೆ ಒಂದೂವರೆ ಬರುತ್ತೆ ಮೇಡಂ. ಒಂದನ್ನ ಉದ್ದಕ್ಕೆ ಅರ್ಧ ಮಾಡಿ ಜೋಡಿಸಬೇಕು.”

“ಮೂರನೇ ಕಿಟಕಿ?”

“ಅದರ ಮುಂದೆ ಆ ಮೂಲೇಲಿರೋ ನಕಾಶೆ ಬೀರು ನಿಲ್ಲಿಸೋಣ. ಕೆಳಗೆ ಗೇಣು ಖಾಲಿ ಇರಲಿ, ಅಲ್ಲಿಂದ ಬಿಸಿಲು ನೆಲಕ್ಕೆ ಬೀಳುತ್ತೆ, ಮುಖಕ್ಕಲ್ಲ. ನಾನು ಕೂತು ನೋಡಿದ್ದೀನಿ.”

ರೇಡಿಯೋ ಗುಣಿಸಿ ಮುಗಿಸಿದ್ದ. “ಒಂದೂವರೆ ಅಂದ್ರೆ ನೂರ ಎಪ್ಪತ್ತೊಂದು. ಬೇಕಾಗಿದ್ದು ನೂರ ಎಂಬತ್ತು. ಒಂಬತ್ತು ಕಮ್ಮಿ!”

“ಪರವಾಗಿಲ್ಲ, ನೆರಿಗೆ ಕ್ಷಮಿಸುತ್ತೆ” ಅಂದರು ಹೊಲಿಗೆ ಟೀಚರ್.

ಮೇಷ್ಟ್ರು ಸೀಟಿ ಊದಿದರು. ಹತ್ತು ಮಕ್ಕಳು ಬೀರುವಿಗೆ ಹೆಗಲು ಕೊಟ್ಟರು. ಉಳಿದವರು ಇಬ್ಬಿಬ್ಬರಾಗಿ ಮೂರನೇ ಪರದೆಯ ಮಧ್ಯದ ಗೆರೆ ಅಳೆದರು. ಈ ಸಲ ಎರಡೆರಡು ಬಾರಿ ಅಳೆದರು. ಶಾಲೆ ಬಿಡುವ ಗಂಟೆ ಹೊಡೆದರೂ ಯಾರೂ ಚೀಲ ಮುಟ್ಟಲಿಲ್ಲ. ಕೊನೆಗೆ ಮೇಷ್ಟ್ರೇ ಎಲ್ಲರನ್ನೂ ಅಟ್ಟಬೇಕಾಯಿತು.

ಹೆಡ್ ಮೇಡಂ ಬಾಗಿಲ ಬಳಿ ನಿಂತರು. “ನಾನು ಬಾಯಿ ಬಿಡೋ ಮಕ್ಕಳನ್ನ ನೋಡೋಕೆ ಬಂದೆ. ಈ ಗದ್ದಲದಲ್ಲಿ ನನ್ನ ತಲೆ ನೋಯ್ತಿದೆ” ಅಂದು ನಕ್ಕರು. “ಏಳನೇ ‘ಬಿ’ ನಿಮ್ಮದೇ ಮೇಡಂ. ಮುಂದಿನ ಪಾಠವನ್ನೂ ಮೂರೂ ಜನ ಸೇರಿಯೇ ಮಾಡಿ.”

ಅವರು ಹೋದ ಮೇಲೆ ಮೇಡಂ ಹೊಲಿಗೆ ಕೋಣೆಗೆ ಬಂದು ಒಂದು ಯಂತ್ರದ ಮುಂದೆ ಕುಸಿದು ಕೂತರು. ಹೊಟ್ಟೆ ಗೊರಗೊರ ಎಂದಿತು. ಮಧ್ಯಾಹ್ನವೆಲ್ಲ ಸ್ಟೂಲಿನ ಮೇಲೆಯೇ ಕಳೆದುಹೋಗಿತ್ತು. ಹೊಲಿಗೆ ಟೀಚರ್ ಮುಖ ತೊಳೆದು ಬಂದರು, ಚೀಲದಿಂದ ಮಧ್ಯಾಹ್ನ ಮುಟ್ಟದ ಡಬ್ಬಿ ತೆಗೆದು ಮುಚ್ಚಳ ಬಿಚ್ಚಿದರು. ಅನ್ನವನ್ನು ನಡುವೆ ಚಮಚದಿಂದ ಬಿಡಿಸಿ, ಅರ್ಧವನ್ನು ಮುಚ್ಚಳಕ್ಕೆ ತಮಗಾಗಿ ತೆಗೆದುಕೊಂಡರು. ಪಲ್ಯವೆಲ್ಲ ಉಳಿದಿದ್ದ ಡಬ್ಬಿಯನ್ನು ಮೇಡಂ ಕೈಗೆ ಕೊಟ್ಟರು.