ಪರೀಕ್ಷೆಯ ಶೀಶೆ

ಹಲಬ್ ಪಟ್ಟಣದ ಪುಸ್ತಕದ ಬೀದಿಯಲ್ಲಿ ಉತ್ಬಾನ ಅಂಗಡಿಯೆಂದರೆ ವಾದಪ್ರಿಯರ ಹರಟೆಕಟ್ಟೆ. ಗ್ರೀಕರ ವೈದ್ಯಶಾಸ್ತ್ರವಿರಲಿ, ನಕ್ಷತ್ರಗಳ ಗಣಿತವಿರಲಿ, ತರ್ಕವಿರಲಿ, ಯಾವ ಗ್ರಂಥ ಬೇಕೆಂದರೂ ಅವನು ಮುದ್ದಾದ ಅಕ್ಷರದಲ್ಲಿ ನಕಲು ಮಾಡಿಕೊಡುತ್ತಿದ್ದ. ಸಂಜೆ ಮನೆಗೆ ಬಂದರೆ ಬೆರಳಿನ ಮಸಿ ತೊಳೆಯುವ ಮೊದಲೇ ಆ ದಿನ ಬರೆದದ್ದನ್ನು ಹೆಂಡತಿಗೆ ಹೇಳಿಬಿಡಬೇಕು. ಜುಮಾನಾ ಬೇಳೆಯ ಸಾರು ಕುದಿಸುತ್ತ ಕೇಳುತ್ತಿದ್ದಳು.

“ಪರೀಕ್ಷೆ ಮಾಡದೆ ಯಾವುದನ್ನೂ ನಂಬಬಾರದು ಅಂತ ಬರೆದಿದ್ದಾರೆ ಕಣೆ,” ಎನ್ನುತ್ತಿದ್ದ ಉತ್ಬಾ.

“ಹಾಗಾದ್ರೆ ಸಾರಿಗೆ ಉಪ್ಪು ಹಾಕಿದೀನಿ ಅಂತ ನಾನು ಹೇಳಿದ್ರೆ ನಂಬಲ್ವಾ?”

“ನೀನು ಹೇಳಿದ್ರೆ ನಂಬ್ತೀನಿ. ಅಷ್ಟಕ್ಕೇ ಶಾಸ್ತ್ರ ಕೆಟ್ಟೋಗುತ್ತಾ!”

“ಗಂಡ ಹೆಂಡ್ತಿ ಸೇರ್ಕೊಂಡು ಸಾರು ತಳ ಹಿಡಿಸ್ತೀರಿ, ಅಷ್ಟೇ,” ಎಂದು ಅತ್ತೆ ಹಸ್ನಾ ಒಲೆಯ ಆಚೆಯಿಂದ ಗೊಣಗುತ್ತಿದ್ದಳು. ಗೊಣಗಿದರೂ ಸೊಸೆಯ ತಟ್ಟೆಗೆ ಒಣ ಜಲ್ದರು ಹಣ್ಣನ್ನು ತಾನೇ ಹಾಕುತ್ತಿದ್ದಳು. ಮದುವೆಯಾಗಿ ಎಷ್ಟೋ ಕಾಲದ ಮೇಲೆ ಜುಮಾನಾ ಬಸುರಾಗಿದ್ದಳು. ಮಗು ಒದೆಯುವುದಕ್ಕೂ ಶುರುಮಾಡಿತ್ತು. ಆ ಮನೆಯಲ್ಲಿ ಅದಕ್ಕಿಂತ ದೊಡ್ಡ ಮಾತು ಬೇರೆ ಇರಲಿಲ್ಲ.

ಅಂಥ ಹೊತ್ತಿನಲ್ಲಿ ಅವಳ ಸೊಂಟದ ಬಲಗಡೆ ನೋವು ಹತ್ತಿಕೊಂಡಿತು. ಸಂಜೆಯಾದರೆ ಚಳಿ, ಆಮೇಲೆ ಜ್ವರ. ಮೂತ್ರಕ್ಕೆ ಹೋದರೆ ಉರಿ.

ಆ ಊರಿನ ಒಂದು ರೂಢಿಯನ್ನು ಇಲ್ಲಿ ಹೇಳಲೇಬೇಕು, ಹೇಳುವಾಗ ನನಗೆ ಮೈ ಉರಿಯುತ್ತದೆ. ಮನೆಯ ಹೆಂಗಸಿಗೆ ಕಾಯಿಲೆಯಾದರೆ ಹಕೀಮನ ಬಳಿ ಹೋಗುವುದು ಹೆಂಗಸಲ್ಲ, ಅವಳ ಮೂತ್ರದ ಶೀಶೆ. ಹಕೀಮ ಅದನ್ನು ಬೆಳಕಿಗೆ ಹಿಡಿದು ಬಣ್ಣ ನೋಡಬೇಕು, ತಳದ ಗಷ್ಟು ನೋಡಬೇಕು, ರೋಗಿ ಯಾರು, ರೋಗ ಯಾವುದು, ಮದ್ದೇನು ಎಂದು ಒಂದೇ ಉಸಿರಿಗೆ ಹೇಳಬೇಕು. ಅಪ್ಪಿತಪ್ಪಿ ಒಂದು ಪ್ರಶ್ನೆ ಕೇಳಿದನೋ, ಕೆಟ್ಟ! “ನಾವೇ ಹೇಳೋದಾದ್ರೆ ಇವನ್ಯಾಕೆ?” ಎಂದು ಸಂತೆಯೆಲ್ಲ ನಗುತ್ತದೆ. ಅದಕ್ಕೇ ದೊಡ್ಡ ದೊಡ್ಡ ಹಕೀಮರೂ ಬಾಯಿಗೆ ಬೀಗ ಹಾಕಿಕೊಂಡು ಶೀಶೆ ಅಲ್ಲಾಡಿಸುತ್ತಿದ್ದರು. ಮಂದಿಯಾದರೂ ಸುಮ್ಮನಿರುತ್ತಿದ್ದರೇ? ಹಕೀಮನ ಆಳ ಅಳೆಯುವುದಕ್ಕೆಂದು ಬೇರೊಬ್ಬರ ಮೂತ್ರವನ್ನೋ ಹೇಸರಗತ್ತೆಯ ಮೂತ್ರವನ್ನೋ ತುಂಬಿ ಒಯ್ಯುತ್ತಿದ್ದರು. ಅದನ್ನು ಜಾಣತನ ಎನ್ನುತ್ತಿದ್ದರು.

ಜುಮಾನಾ ಬೆಳಗಿನ ಜಾವ ಎದ್ದು ಶೀಶೆ ತುಂಬಿ, ಬಾಯಿಗೆ ಬಟ್ಟೆ ಕಟ್ಟಿ ಅತ್ತೆಯ ಕೈಗೆ ಕೊಟ್ಟಳು.

“ಉರಿ ಇದೆ ಅಂತ ಹಕೀಮರಿಗೆ ಹೇಳೋಕೆ ಇವರಿಗೆ ಹೇಳಿ ಅತ್ತೆ. ಬಸುರಿ ಅಂತಾನೂ.”

“ಹೇಳೋದೇನು ಬಂತು? ಎಲ್ಲಾ ಅದರಲ್ಲೇ ಕಾಣ್ಸುತ್ತೆ. ನೀನು ಮಲಗು ಹೋಗು.”

ಮಧ್ಯಾಹ್ನ ಉತ್ಬಾ ಔಷಧ ತಂದ. ಊರಿನ ದೊಡ್ಡ ಹಕೀಮ ಮುಫ್ಲಿಹನೇ ಕೊಟ್ಟದ್ದೆಂದ. ರಕ್ತ ಕಾದು ತುಂಬಿಕೊಂಡಿದೆಯಂತೆ, ಕಷಾಯ ಕುಡಿಸಿ ಭೇದಿ ಮಾಡಿಸಬೇಕಂತೆ, ತೋಳಿನ ನರ ಕೊಯ್ದು ರಕ್ತ ತೆಗೆಸಬೇಕಂತೆ. ಹೇಳುವಾಗ ಅವನು ಹೆಂಡತಿಯ ಮುಖ ನೋಡಲಿಲ್ಲ. ನೋವಿನಲ್ಲಿದ್ದ ಜುಮಾನಾಳಿಗೆ ಅದು ಹೊಳೆಯಲಿಲ್ಲ.

“ಬಸುರಿಗೆ ರಕ್ತ ತೆಗೀಬಹುದಾ?” ಎಂದು ಮಾತ್ರ ಕೇಳಿದಳು.

“ಹಕೀಮರು ನೋಡೇ ಹೇಳಿರ್ತಾರಲ್ಲ,” ಎಂದ ಉತ್ಬಾ.

ಅವಳು ನಂಬಿದಳು. ಕಣ್ಣು ಮುಚ್ಚಿ ಕಷಾಯ ಕುಡಿದಳು. ರಕ್ತ ತೆಗೆಯುವ ಮುದುಕಿ ಬಂದು ಬಟ್ಟಲಿಟ್ಟು ನರ ಕೊಯ್ದಾಗ ಹಲ್ಲು ಕಚ್ಚಿ ತೋಳು ಚಾಚಿದಳು. ಬೆಳಗಾಗುವಷ್ಟರಲ್ಲಿ ಹೊಟ್ಟೆ ಹಿಂಡತೊಡಗಿತು. ಕೂಗಿದಳು, ಗೋಡೆ ಪರಚಿದಳು. ಹುಟ್ಟಿದ ಕೂಸು ಗಂಡು. ಉಗುರುಗಳು ಕೂಡ ಮೂಡಿದ್ದವು. ಅಳಲಿಲ್ಲ.

ಸಂತಾಪ ಹೇಳಲು ಗಂಡಸರು ಬಂದು ಹೊರಗಿನ ಕೋಣೆಯಲ್ಲಿ ಕುಳಿತರು. ನಡುವೆ ಒಂದು ಪರದೆ ಮಾತ್ರ. ಒಳಗೆ ಜುಮಾನಾ ಜ್ವರದಲ್ಲಿ ಮಲಗಿದ್ದಳು, ಬಲಗಡೆಯ ನೋವು ಹಾಗೇ ಇತ್ತು. ಕಾಗದದ ವ್ಯಾಪಾರಿ ಖುಜೈಮ, ಉತ್ಬಾನ ಜೀವದ ಗೆಳೆಯ, ನಿಟ್ಟುಸಿರು ಬಿಟ್ಟು ಹೇಳಿದ:

“ದೇವರ ಇಚ್ಛೆ ಕಣಪ್ಪ, ಏನ್ಮಾಡೋಕಾಗುತ್ತೆ. ಆದ್ರೂ ಆ ಮುಫ್ಲಿಹ್ ಕತ್ತೆ ಅನ್ನೋದು ಅವತ್ತೇ ಗೊತ್ತಾಯ್ತಲ್ಲ. ಶೀಶೇಲಿರೋದು ಗಂಡಸಿನದೋ ಹೆಂಗಸಿನದೋ ಅಂತ್ಲೇ ಗೊತ್ತಾಗ್ಲಿಲ್ಲ ಅವನಿಗೆ! ನಿನ್ನ ನೀರು ನೋಡ್ಬಿಟ್ಟು ‘ಈ ತಾಯಿಗೆ ರಕ್ತ ಜಾಸ್ತಿ’ ಅಂದ್ನಲ್ಲೋ!”

ಯಾರೋ ಕಿಸಕ್ಕೆಂದರು. ಉತ್ಬಾ “ಶ್ಶ್” ಎಂದದ್ದು ಜುಮಾನಾಳಿಗೆ ಕೇಳಿಸಿತು. ಖುಜೈಮ ಹೇಳಿದ ಸುದ್ದಿಗಿಂತಲೂ ಆ “ಶ್ಶ್” ಅವಳನ್ನು ಹೆಚ್ಚು ಸುಟ್ಟಿತು. ಸುಳ್ಳಾಗಿದ್ದರೆ ಅವನು ಜಗಳವಾಡುತ್ತಿದ್ದ.

ಬಂದವರು ಹೋದ ಮೇಲೆ ಗಂಡನನ್ನು ಒಳಗೆ ಕರೆದಳು.

“ನನ್ನ ಶೀಶೆ ಎಲ್ಲಿ ಹೋಯ್ತು?”

ಉತ್ಬಾ ತಾಯಿಯ ಕಡೆ ನೋಡಿದ. ಹಸ್ನಾ ಸೆರಗು ಸರಿಪಡಿಸಿಕೊಂಡಳು.

“ನಾನೇ ಬಚ್ಚಲಿಗೆ ಚೆಲ್ದೆ. ಸೊಸೆ ನೀರನ್ನ ಸಂತೇಲಿ ನಾಲ್ಕು ಜನ ಗಂಡಸರು ಬೆಳಕಿಗೆ ಹಿಡಿದು ನೋಡ್ಬೇಕಾ? ನಮ್ಮನೇಲಿ ಯಾವತ್ತೂ ಕಳಿಸಿಲ್ಲ. ನನಗೆ ಕಾಯ್ಲೆ ಆದಾಗ್ಲೂ ನನ್ನ ಗಂಡಂದೇ ಹೋಗಿದ್ದು. ಗಂಡ ಹೆಂಡ್ತಿ ಅಂದ್ರೆ ಒಂದೇ ಮೈ. ಅವನಿಗೆ ಆಗೋ ಮದ್ದು ನಿನಗಾಗಲ್ವಾ?”

“ನಾನು ಒಳ್ಳೇದಕ್ಕೇ ಒಪ್ಪಿದ್ದು,” ಎಂದ ಉತ್ಬಾ ತಡವರಿಸುತ್ತ. “ಪರೀಕ್ಷೆ ಮಾಡೋಣ ಅಂತ. ಗಂಡಸಿನದು ಅಂತ ಅವನು ಕಂಡುಹಿಡಿದಿದ್ರೆ ಆಮೇಲೆ ನಿನ್ನದನ್ನೇ ಒಯ್ತಿದ್ದೆ.”

“ಕಂಡುಹಿಡೀಲಿಲ್ಲ ಅಲ್ವಾ? ಆಗ ಯಾಕೆ ಬಾಯಿ ಬಿಡ್ಲಿಲ್ಲ?”

“ಅವನ ಅಂಗಡಿ ತುಂಬ ಜನ ಇದ್ರು. ಅಷ್ಟು ದೊಡ್ಡ ಹಕೀಮನ ಮುಖಕ್ಕೆ ಹೊಡೆದ ಹಾಗೆ ಹೇಗೆ ಹೇಳೋದು...”

“ಮನೇಲಿ ಯಾರಿದ್ರು? ಬಸುರಿಗೆ ಕೊಡಬಹುದಾ ಅಂತ ನಾನು ಕೇಳಿದೆ. ಹಕೀಮರು ನೋಡೇ ಹೇಳಿರ್ತಾರೆ ಅಂದ್ರಿ. ಏನು ನೋಡಿದ್ರು ಅಂತ ನಿಮಗೆ ಗೊತ್ತಿತ್ತು.”

ತರ್ಕದ ಗ್ರಂಥಗಳನ್ನು ಒಂದಕ್ಷರ ತಪ್ಪದೆ ನಕಲು ಮಾಡಿದ ಉತ್ಬಾನ ಕೈ ಈಗ ಚಾಪೆಯ ಅಂಚು ಕೀಳುತ್ತ ಕುಳಿತಿತ್ತು. ಪರೀಕ್ಷೆಯೇ ಶಾಸ್ತ್ರದ ಬೇರು ಎಂದು ಬರೆದವರು ಹೆಂಡತಿಯ ಬಸುರನ್ನು ಪಣಕ್ಕಿಡಿ ಎಂದು ಬರೆದಿರಲಿಲ್ಲ. ಕತ್ತಿ ಹಿಡಿದ ಶತ್ರುವಾದರೆ ಬಾಗಿಲು ಹಾಕಿಕೊಳ್ಳಬಹುದು. ಒಂದೇ ತಟ್ಟೆಯಲ್ಲಿ ಉಣ್ಣುವವನು ಕಣ್ಣಿಗೆ ಮಣ್ಣೆರಚಿದರೆ ಹೆಣ್ಣು ಎಲ್ಲಿಗೆ ಹೋಗಬೇಕು?

ಮಾರನೆಯ ಬೆಳಗ್ಗೆ ಜ್ವರ ಇನ್ನೂ ಏರಿತು. ಉತ್ಬಾ ತೊಳೆದ ಶೀಶೆ ಹಿಡಿದು ಬಂದು ತಲೆಯ ಬಳಿ ನಿಂತ. ಅವನ ಕಣ್ಣು ಕೆಂಪಾಗಿತ್ತು.

“ಬೇರೆ ಹಕೀಮನ ಹತ್ರ ಹೋಗ್ತೀನಿ. ಈ ಸಲ ನಿನ್ನದೇ ಒಯ್ತೀನಿ, ದೇವರಾಣೆ.”

“ನಿಮ್ಮ ಮಾತು ನಂಬಿ ಒಂದ್ಸಲ ಕುಡಿದು ನೋಡಿದೀನಿ,” ಎಂದಳು ಜುಮಾನಾ. ಗೋಡೆ ಹಿಡಿದು ಎದ್ದು ನಿಂತಳು. “ಪಕ್ಕದ ಮನೆ ಕತ್ತೆ ತರಿಸಿ. ದವಾಖಾನೆಗೆ ನಾನೇ ಹೋಗ್ತೀನಿ.”

ಹಸ್ನಾ ಬಾಗಿಲಿಗೆ ಅಡ್ಡ ನಿಂತಳು. “ಮನೆ ಮಾನ ಬೀದಿಗೆ ಬೀಳುತ್ತೆ ಕಣೇ! ಪರ ಗಂಡಸಿನ ಎದುರು ಕೂತು ಎಲ್ಲಿ ಉರಿಯುತ್ತೆ ಅಂತ ಹೇಳ್ತೀಯಾ?”

“ಹೇಳ್ತೀನಿ. ಮೊದಲೇ ಹೇಳಿದ್ದಿದ್ರೆ ನಿಮ್ಮ ಮೊಮ್ಮಗ ಹೊಟ್ಟೇಲಿ ಇರ್ತಿದ್ದ. ನಿಮ್ಮನ್ನ ಅಮ್ಮ ಅಂತ್ಲೇ ತಿಳ್ಕೊಂಡು ಶೀಶೆ ಕೊಟ್ಟಿದ್ದೆ ಅತ್ತೆ. ಈಗ ದಾರಿ ಬಿಡಿ.”

ಹಸ್ನಾ ದಾರಿ ಬಿಟ್ಟಳು.

ದವಾಖಾನೆಯ ಅಂಗಳದಲ್ಲಿ ಮುದುಕ ಹಕೀಮನೊಬ್ಬ ಶಿಷ್ಯರ ನಡುವೆ ಕುಳಿತಿದ್ದ. ಜುಮಾನಾ ಮುಖಪರದೆಯಲ್ಲಿ ಬಂದು ಎದುರಿಗೆ ಕುಳಿತಳು. ಉತ್ಬಾ ಕತ್ತೆ ಕಟ್ಟಿ ಬಾಗಿಲ ಬಳಿ ನಿಂತ. ಹಕೀಮ ಮುಖವೆತ್ತದೆ ಕೈ ಚಾಚಿದ.

“ಶೀಶೆ?”

“ತಂದಿಲ್ಲ.”

“ಶೀಶೆ ಇಲ್ದೆ ರೋಗ ಹೇಳೋಕೆ ನಾನೇನು ಕಣಿ ಹೇಳೋನೇನಮ್ಮಾ?”

“ಕೇಳದೇ ಹೇಳೋರನ್ನೇ ನಾನು ಕಣಿ ಹೇಳೋರು ಅನ್ನೋದು ಅಜ್ಜಾ. ರೋಗಿ ನಾನು, ನಾನೇ ಬಂದಿದೀನಿ. ಕೇಳಿ.”

ಶಿಷ್ಯನೊಬ್ಬ ನಗಲು ಹೊರಟ. ಮುದುಕ ಅವನನ್ನು ದುರುಗುಟ್ಟಿ ನೋಡಿ, ಚಾಚಿದ್ದ ಕೈಯನ್ನು ಹಿಂದಕ್ಕೆ ತೆಗೆದುಕೊಂಡ. ದನಿ ತಗ್ಗಿಸಿ ಕೇಳಿದ:

“ಎಲ್ಲಿ ನೋವು ಮಗಳೇ?”

ಇಷ್ಟೆಲ್ಲ ಆದ ಮೇಲೂ ಆ ಪ್ರಶ್ನೆಯನ್ನು ಅವಳಿಗೆ ಯಾರೂ ಕೇಳಿರಲಿಲ್ಲ. ಅವಳು ಸೊಂಟದ ಬಲಗಡೆ ಕೈಯಿಟ್ಟು ತೋರಿಸಿದಳು, ಉರಿ ಹೇಳಿದಳು, ಚಳಿ ಹೇಳಿದಳು. ಹಕೀಮ ನಾಡಿ ಹಿಡಿದು ತಲೆಯಾಡಿಸುತ್ತಿದ್ದ.

“ಇದಕ್ಕೆ ಮೊದಲು ಏನಾದ್ರೂ ಔಷಧ ತಗೊಂಡಿದ್ಯಾ?”

“ತಗೊಂಡೆ. ನನ್ನ ಗಂಡನ ನೀರು ನೋಡಿ ಕೊಟ್ಟಿದ್ದು.”

“ಅವನಿಗೇನಾಗಿತ್ತು?”

“ಏನೂ ಆಗಿರಲಿಲ್ಲ. ಚೆನ್ನಾಗೇ ಇದ್ದಾರೆ, ಬಾಗಿಲ ಹತ್ರ ನಿಂತಿದಾರೆ ನೋಡಿ,” ಎಂದಳು ಜುಮಾನಾ. “ಸತ್ತಿದ್ದು ಮಗು.”